ಹಾಡುತ್ತಲೇ ಬೇರೆಯಾದವರು

'ಬ್ರಿಡ್ಜ್ ಓವರ್ ಟ್ರಬಲ್ಡ್ ವಾಟರ್' ಆಲ್ಬಂನ ಹೊದಿಕೆಯನ್ನು ನಾನು ಎಷ್ಟು ಹೊತ್ತು ಬೇಕಾದರೂ ನೋಡುತ್ತಾ ಕೂರಬಲ್ಲೆ. ಮುಂದೆ ಗಿಡ್ಡ ಆಳು ಪಾಲ್ ಸೈಮನ್. ಬೆನ್ನ ಹಿಂದೆ ಎತ್ತರದ ಆರ್ಟ್ ಗಾರ್ಫಂಕಲ್, ತಲೆ ತುಂಬ ಗುಂಗುರು ಕೂದಲು. ಸೈಮನ್‌ನ ತಲೆ ಸರಿಯಾಗಿ ಗಾರ್ಫಂಕಲ್‌ನ ಬಾಯಿಗೆ ಅಡ್ಡ ಬಂದಿದೆ. ದೂರದಿಂದ ನೋಡಿದರೆ ಹಿಂದಿನವನಿಗೆ ದಪ್ಪ ಮೀಸೆ ಬಂದ ಹಾಗೆ ಕಾಣುತ್ತದೆ. ಆದರೆ ತಟ್ಟೆಯ ಮೇಲೆ ಮುಳ್ಳು ಇಟ್ಟ ಕೂಡಲೇ, ಪಿಯಾನೊದ ಬೆನ್ನಿಗೇ ಮೊದಲು ಕೇಳಿಬರುವುದು ಆ ಮರೆಯಾದ ಬಾಯಿಯ ದನಿ. ಬರೆದವನು ಮುಂದೆ, ಹಾಡಿದವನು ಹಿಂದೆ. ಹಾಡು ಶುರುವಾದರೆ ಎಲ್ಲ ತಿರುಗುಮುರುಗು. ಆ ಇಬ್ಬರ ನಡುವೆ ಅಷ್ಟು ವರ್ಷ ನಡೆದ ಜಗ್ಗಾಟವೆಲ್ಲ ಈ ಒಂದು ಚಿತ್ರದಲ್ಲಿ ಸಿಕ್ಕಿಬಿದ್ದಿದೆ ಎಂದು ನನಗೆ ಅನ್ನಿಸುತ್ತದೆ.

ಕೊಲಂಬಿಯಾ ಕಂಪನಿ ಈ ಆಲ್ಬಂ ಹೊರತಂದದ್ದು 1970ರ ಜನವರಿ 26ರಂದು. ಸೈಮನ್ ಮತ್ತು ಗಾರ್ಫಂಕಲ್ ಜೊತೆಯಾಗಿ ಸ್ಟುಡಿಯೋದಲ್ಲಿ ಕೂತು ಮಾಡಿದ ಕಡೆಯ ಆಲ್ಬಂ ಇದೇ. ಆದರೆ 'ಇದು ನಮ್ಮ ವಿದಾಯ' ಎಂದು ಅವರು ಎಲ್ಲೂ ಸಾರಲಿಲ್ಲ. ಪತ್ರಿಕಾಗೋಷ್ಠಿ ಇಲ್ಲ, ಹೇಳಿಕೆ ಇಲ್ಲ. ಹಾಡುಗಳೇ ಒಂದೊಂದಾಗಿ ಬೀಳ್ಕೊಂಡವು. ಆ ವಿದಾಯದ ಇನ್ನರ್ಧ ಒಂದು ಟಿವಿ ಚಿತ್ರದಲ್ಲಿ ಉಳಿದಿತ್ತು. ಅದು ಒಂದು ರಾತ್ರಿ ಪ್ರಸಾರವಾಗಿ, ಆಮೇಲೆ ನಲವತ್ತು ವರ್ಷಕ್ಕೂ ಮೇಲ್ಪಟ್ಟು ಪೆಟ್ಟಿಗೆಯಲ್ಲಿ ಮಲಗಿತ್ತು. 2011ರ ಮಾರ್ಚ್‌ನಲ್ಲಿ ಆಲ್ಬಂನ ನಲವತ್ತನೇ ವರ್ಷದ ಆವೃತ್ತಿಯ ಜೊತೆಗೆ ಡಿವಿಡಿಯಾಗಿ ಮನೆಮನೆಗೆ ಬಂತು. ಹಾಡು ಮತ್ತು ಚಿತ್ರ ಎರಡನ್ನೂ ಒಟ್ಟಿಗೆ ಇಟ್ಟುಕೊಂಡು ಕೇಳಿ ನೋಡಿದಾಗಲೇ ಈ ಆಲ್ಬಂ ಪೂರ್ತಿಯಾಗುತ್ತದೆ ಎಂಬುದು ನನ್ನ ಖಚಿತ ಅಭಿಪ್ರಾಯ.

ಇಬ್ಬರೂ 1941ರಲ್ಲಿ ಹುಟ್ಟಿದವರು. ಸೈಮನ್ ಅಕ್ಟೋಬರ್‌ನಲ್ಲಿ, ಗಾರ್ಫಂಕಲ್ ನವೆಂಬರ್‌ನಲ್ಲಿ. ನ್ಯೂಯಾರ್ಕಿನ ಕ್ವೀನ್ಸ್‌ನಲ್ಲಿ ಕೂಗಳತೆಯ ದೂರದ ಬೀದಿಗಳಲ್ಲಿ ಬೆಳೆದರು. ಗೆಳೆತನ ಬೆಳೆದದ್ದು ಶಾಲೆಯ 'ಆಲಿಸ್ ಇನ್ ವಂಡರ್‌ಲ್ಯಾಂಡ್' ನಾಟಕದಲ್ಲಿ. ಸೈಮನ್ ಬಿಳಿ ಮೊಲ, ಗಾರ್ಫಂಕಲ್ ನಗುವ ಬೆಕ್ಕು. ಹಾಡು ಕಲಿತದ್ದು ಎವರ್ಲಿ ಸೋದರರ ರೆಕಾರ್ಡುಗಳನ್ನು ಕೇಳಿ ಕೇಳಿ. ಮೂಗಿಗೆ ಮೂಗು ತಾಗುವಷ್ಟು ಹತ್ತಿರ ಕೂತು, ಒಬ್ಬರ ಬಾಯಿಯನ್ನು ಇನ್ನೊಬ್ಬರು ನೋಡುತ್ತಾ, ನಾಲಿಗೆ ಹಲ್ಲಿಗೆ ಎಲ್ಲಿ ತಾಗಬೇಕು ಎನ್ನುವುದರ ತನಕ ಹೊಂದಿಸಿಕೊಂಡರಂತೆ. ನಮ್ಮಲ್ಲಿ ಜೋಡಿ ಗಾಯನ ಎಂದರೆ ಬಹುಮಟ್ಟಿಗೆ ಒಡಹುಟ್ಟಿದವರದ್ದು. ರುದ್ರಪಟ್ಟಣಂ ಸಹೋದರರ ಕಛೇರಿ ಕೇಳಿದವರಿಗೆ ಗೊತ್ತು, ಒಂದೇ ಮನೆಯ ಊಟ, ಒಂದೇ ಮನೆಯ ಮಾತು ದನಿಯನ್ನು ಹೇಗೆ ಹದಗೊಳಿಸುತ್ತದೆ ಎಂದು. ಎವರ್ಲಿಗಳೂ ಹಾಗೇ ಅಣ್ಣತಮ್ಮಂದಿರು. ಕ್ವೀನ್ಸ್‌ನ ಈ ಹುಡುಗರಿಗೆ ರಕ್ತದ ನಂಟು ಇರಲಿಲ್ಲ. ಆ ಕೂಡುದನಿಯನ್ನು ಅವರು ಕೂತು ದುಡಿದು ಗಳಿಸಿದರು. ಗಳಿಸಿದ್ದಾದ್ದರಿಂದಲೇ ಕಳೆದುಕೊಳ್ಳುವುದೂ ಸಾಧ್ಯವಿತ್ತು.

ಹದಿನಾರು ತುಂಬಿದ ಹೊಸತರಲ್ಲಿ, 1957ರಲ್ಲಿ, 'ಟಾಮ್ ಅಂಡ್ ಜೆರ್ರಿ' ಎಂಬ ಹೆಸರಲ್ಲಿ 'ಹೇ ಸ್ಕೂಲ್‌ಗರ್ಲ್' ಎಂಬ ರೆಕಾರ್ಡು ತಂದರು. ಗಾರ್ಫಂಕಲ್ ಟಾಮ್, ಸೈಮನ್ ಜೆರ್ರಿ. ಹಾಡು ಅಮೆರಿಕದ ಪಟ್ಟಿಯಲ್ಲಿ 49ನೇ ಸ್ಥಾನ ಮುಟ್ಟಿತು. ಅಷ್ಟರಲ್ಲೇ ಸೈಮನ್ ಗೆಳೆಯನಿಗೆ ಹೇಳದೆ ತಾನೊಬ್ಬನೇ ಬೇರೆ ಹೆಸರಲ್ಲಿ ಒಂದು ರೆಕಾರ್ಡು ಮಾಡಿಬಿಟ್ಟ. ಆ ಗಾಯ ಗಾರ್ಫಂಕಲ್‌ಗೆ ದಶಕಗಳ ಕಾಲ ಮಾಯಲಿಲ್ಲ. 1964ರ ಮೊದಲ ಆಲ್ಬಂ ಬಿದ್ದುಹೋಯಿತು. ಸೈಮನ್ ಇಂಗ್ಲೆಂಡಿಗೆ ಹೋದ. ನಿರ್ಮಾಪಕ ಟಾಮ್ ವಿಲ್ಸನ್ ಇವರನ್ನು ಒಂದು ಮಾತೂ ಕೇಳದೆ 'ದಿ ಸೌಂಡ್ ಆಫ್ ಸೈಲೆನ್ಸ್' ಮೇಲೆ ಎಲೆಕ್ಟ್ರಿಕ್ ಗಿಟಾರು, ಡ್ರಮ್ಸು ಸೇರಿಸಿ ಮತ್ತೆ ಬಿಟ್ಟ. ಅದು 1966ರ ಜನವರಿಯಲ್ಲಿ ಒಂದನೇ ಸ್ಥಾನಕ್ಕೆ ಏರಿತು. ಮುಂದಿನ ವರ್ಷ ಇವರ ಹಾಡುಗಳನ್ನು ಬಳಸಿಕೊಂಡ ಮೈಕ್ ನಿಕೋಲ್ಸ್‌ನ 'ದಿ ಗ್ರಾಜುಯೇಟ್' ಚಿತ್ರ ಬಂತು. ಮುಂದಿನದ್ದು ಎಲ್ಲರಿಗೂ ಗೊತ್ತಿರುವ ಕಥೆ.

ಬೆಂಗಳೂರಿನ ಕಾಲೇಜು ದಿನಗಳಲ್ಲಿ ನನಗೆ ಈ ಆಲ್ಬಂ ಸಿಕ್ಕಿದ್ದು ಕ್ಯಾಸೆಟ್ಟಿನಲ್ಲಿ. ಗಿಟಾರು ಕಲಿಯುತ್ತಿದ್ದ ಗೆಳೆಯನ ಕೋಣೆಯಲ್ಲಿ 'ದಿ ಬಾಕ್ಸರ್'ನ ಆರಂಭದ ಬೆರಳಾಟವನ್ನು ಅವನು ಮತ್ತೆ ಮತ್ತೆ ಹಿಂದಕ್ಕೆ ಸುತ್ತಿ ಕೇಳುತ್ತಿದ್ದ. ಟೇಪು ಆ ಜಾಗದಲ್ಲಿ ಸವೆದು ದನಿ ಅಲುಗಾಡುತ್ತಿತ್ತು. ಆಗ ನಮಗೆ ಇವು ಬರೀ ಚೆಂದದ ಹಾಡುಗಳು. 'ಸೆಸಿಲಿಯಾ' ಬಂದರೆ ಮೇಜು ಬಡಿಯುವುದು, 'ಬ್ರಿಡ್ಜ್' ಬಂದರೆ ಸುಮ್ಮನಾಗುವುದು. ಹಾಡುವವರಿಬ್ಬರು ಒಬ್ಬರಿಗೊಬ್ಬರು ಏನೋ ಹೇಳಿಕೊಳ್ಳುತ್ತಿದ್ದಾರೆ ಎಂಬುದು ನಮ್ಮ ಕಿವಿಗೆ ಬಿದ್ದಿರಲಿಲ್ಲ.

ಬಿರುಕು ಕಣ್ಣಿಗೆ ಕಾಣುವಷ್ಟು ಅಗಲವಾದದ್ದು 1969ರಲ್ಲಿ. ಅದೇ ಮೈಕ್ ನಿಕೋಲ್ಸ್ ಜೋಸೆಫ್ ಹೆಲರ್‌ನ 'ಕ್ಯಾಚ್-22' ಕಾದಂಬರಿಯನ್ನು ಸಿನಿಮಾ ಮಾಡಲು ಹೊರಟು ಇಬ್ಬರಿಗೂ ಪಾತ್ರ ಕೊಟ್ಟಿದ್ದ. ಚಿತ್ರಕಥೆ ತಿದ್ದುವಾಗ ಸೈಮನ್‌ನ ಪಾತ್ರಕ್ಕೆ ಕತ್ತರಿ ಬಿತ್ತು, ಗಾರ್ಫಂಕಲ್‌ನದ್ದು ಉಳಿಯಿತು. ಚಿತ್ರೀಕರಣ ಮೆಕ್ಸಿಕೋದಲ್ಲಿ. ಬೇಗ ಮುಗಿಯಬೇಕಾದದ್ದು ತಿಂಗಳುಗಟ್ಟಲೆ ಎಳೆಯಿತು. ಗೆಳೆಯ ಅಲ್ಲಿ ಸೆಟ್ಟಿನಲ್ಲಿ ಕಾಯುತ್ತಾ ಕೂತಿದ್ದಾನೆ, ಈತ ನ್ಯೂಯಾರ್ಕಿನಲ್ಲಿ ಹಾಡು ಬರೆದಿಟ್ಟುಕೊಂಡು ಒಬ್ಬನೇ ಇದ್ದಾನೆ. 'ದಿ ಓನ್ಲಿ ಲಿವಿಂಗ್ ಬಾಯ್ ಇನ್ ನ್ಯೂಯಾರ್ಕ್' ಹುಟ್ಟಿದ್ದು ಆಗ. ಅದರಲ್ಲಿ ಟಾಮ್ ಎಂದು ಕರೆಸಿಕೊಳ್ಳುವವನು ಹಳೆಯ 'ಟಾಮ್ ಅಂಡ್ ಜೆರ್ರಿ'ಯ ಟಾಮ್, ಎಂದರೆ ಗಾರ್ಫಂಕಲ್. ವಿಮಾನ ಹತ್ತಿ ಹೋಗುತ್ತಿರುವ ಗೆಳೆಯನನ್ನು ಹರಸಿ ಕಳಿಸುವ ಹಾಡು. ನನ್ನ ಮಟ್ಟಿಗೆ ಇಡೀ ಆಲ್ಬಂನ ಅತ್ಯಂತ ದೊಡ್ಡ ಹಾಡು ಇದೇ, 'ಬ್ರಿಡ್ಜ್' ಅಲ್ಲ. ಅಸಮಾಧಾನ ಎದೆಯಲ್ಲಿರುವಾಗಲೇ ಇಷ್ಟು ಪ್ರೀತಿಯಿಂದ ಒಬ್ಬನನ್ನು ಕಳಿಸಿಕೊಡುವ ಹಾಡನ್ನು ನಾನು ಬೇರೆ ಕೇಳಿಲ್ಲ. ಹಾಡಿನ ಹಿಂದೆ ಆಕಾಶದಿಂದ ಇಳಿದು ಬರುವ ಹಾಗೆ ಒಂದು ದೊಡ್ಡ 'ಆ'ಕಾರ ಕೇಳುತ್ತದಲ್ಲ, ಅದು ಇವರಿಬ್ಬರದ್ದೇ ದನಿ. ಸ್ಟುಡಿಯೋದ ಪ್ರತಿಧ್ವನಿ ಕೋಣೆಯ ಒಳಗೆ ಹೋಗಿ ನಿಂತು, ಒಂದರ ಮೇಲೊಂದು ಸಲ ಹಾಡಿ ಪೇರಿಸಿದ್ದು. ಬೀಳ್ಕೊಡುವವನೂ ಬೀಳ್ಕೊಳ್ಳುವವನೂ ಒಂದೇ ಕೋಣೆಯಲ್ಲಿ ನಿಂತು ಆ ಬೀಳ್ಕೊಡುಗೆಗೆ ದನಿ ಕೂಡಿಸಿದ್ದಾರೆ.

ಜಗಳ ಆಡುತ್ತಿದ್ದವರು ಕೆಲಸದಲ್ಲಿ ಮಾತ್ರ ಒಂದು ಕೂದಲೆಳೆಯಷ್ಟೂ ರಾಜಿಯಾಗಲಿಲ್ಲ. ಇದು ನನ್ನನ್ನು ಬಹಳ ತಟ್ಟಿದ ಸಂಗತಿ. ಇವರ ಜೊತೆ ಧ್ವನಿಮುದ್ರಕನಾಗಿ, ಸಹನಿರ್ಮಾಪಕನಾಗಿ ರಾಯ್ ಹ್ಯಾಲಿ ಇದ್ದ. 'ದಿ ಬಾಕ್ಸರ್' ಒಂದಕ್ಕೇ ನೂರು ಗಂಟೆಗೂ ಮಿಕ್ಕಿದ ಸ್ಟುಡಿಯೋ ಸಮಯ ಹಿಡಿಯಿತು. ಆರಂಭದ ಗಿಟಾರು ನ್ಯಾಶ್‌ವಿಲ್‌ನಲ್ಲಿ ಫ್ರೆಡ್ ಕಾರ್ಟರ್ ಜೂನಿಯರ್ ಜೊತೆ ಆದದ್ದು. ಪಲ್ಲವಿಯ ಸಮೂಹ ದನಿ ಕೊಲಂಬಿಯಾ ವಿಶ್ವವಿದ್ಯಾಲಯದ ಸೇಂಟ್ ಪಾಲ್ಸ್ ಚಾಪೆಲ್‌ನ ಗುಮ್ಮಟದ ಕೆಳಗೆ. ಇನ್ನು ಆ ಗುಂಡೇಟಿನಂಥ ಡ್ರಮ್ಮಿನ ಪೆಟ್ಟು! ಅದಕ್ಕೆ ತಕ್ಕ ಜಾಗ ಹುಡುಕಿಕೊಂಡು ಹ್ಯಾಲಿ ನ್ಯೂಯಾರ್ಕಿನ ಸ್ಟುಡಿಯೋ ಕಟ್ಟಡದ ಓಣಿಗೆ ಬಂದ. ಲಿಫ್ಟಿನ ಬಾಗಿಲ ಎದುರು ಹಾಲ್ ಬ್ಲೇನ್ ಡ್ರಮ್ಮು ಹೂಡಿ ಕೂತ. ಕಿವಿಗೆ ಹೆಡ್‌ಫೋನು, ಕೋಲು ಮೇಲಕ್ಕೆತ್ತಿ ಕಾಯುತ್ತಿದ್ದಾನೆ. ಸರಿಯಾಗಿ ಆ ಕ್ಷಣಕ್ಕೆ ಲಿಫ್ಟಿನ ಬಾಗಿಲು ತೆರೆದು ಕಾವಲುಗಾರನೊಬ್ಬ ಹೊರಬಂದ, ಕೋಲು ಬಿತ್ತು. ಆ ಮನುಷ್ಯ ತನಗೆ ಗುಂಡು ಹಾರಿಸಿದರು ಎಂದುಕೊಂಡು ಹೌಹಾರಿಬಿಟ್ಟನಂತೆ. ಈಗ ಆ ಪೆಟ್ಟು ಬಂದಾಗಲೆಲ್ಲ ನನಗೆ ಆ ಓಣಿ ಕಣ್ಣೆದುರು ಬರುತ್ತದೆ.

'ಸೆಸಿಲಿಯಾ'ದ ಕಥೆ ಇದಕ್ಕೆ ಪೂರ್ತಿ ತದ್ವಿರುದ್ಧ. 1969ರ ಬೇಸಿಗೆಯಲ್ಲಿ ಲಾಸ್ ಏಂಜಲೀಸ್‌ನ ಬ್ಲೂ ಜೇ ವೇ ರಸ್ತೆಯಲ್ಲಿ ಮನೆ ಬಾಡಿಗೆಗೆ ಹಿಡಿದಿದ್ದರು. ಆ ರಸ್ತೆಯ ಹೆಸರಲ್ಲೇ ಎರಡು ವರ್ಷ ಮುಂಚೆ ಜಾರ್ಜ್ ಹ್ಯಾರಿಸನ್ ಹಾಡು ಕಟ್ಟಿದ್ದ. ಒಂದು ಸಂಜೆ ಇವರಿಬ್ಬರು, ಸೈಮನ್‌ನ ತಮ್ಮ ಎಡ್ಡಿ, ಇನ್ನೊಬ್ಬ ಗೆಳೆಯ ಸೇರಿಕೊಂಡು ತೊಡೆ ತಟ್ಟಿದರು, ಪಿಯಾನೊದ ಮಣೆ ಬಡಿದರು. ಪಕ್ಕದಲ್ಲಿ ಸೋನಿ ಟೇಪ್ ರೆಕಾರ್ಡರ್ ಓಡುತ್ತಿತ್ತು. ಅದರಲ್ಲಿ ಒಂದು ತುಣುಕು ಸೈಮನ್‌ನ ಕಿವಿಗೆ ಹಿಡಿಸಿತು. ಅದನ್ನು ಹ್ಯಾಲಿ ಕತ್ತರಿಸಿ, ಅಂಟಿಸಿ, ಸುತ್ತುವ ತುಂಡು ಮಾಡಿದ. ಅದರ ಮೇಲೆ ಇಡೀ ಹಾಡು ನಿಂತಿತು. ಸ್ಟುಡಿಯೋದ ಮರದ ನೆಲದ ಮೇಲೆ ಡ್ರಮ್ ಕೋಲುಗಳ ಕಟ್ಟನ್ನು ಎತ್ತಿ ಹಾಕಿದ ಸದ್ದೂ ಅದರಲ್ಲಿದೆ. ಇಬ್ಬರೂ ಹದಿಮೂರರ ಹುಡುಗರಾಗಿ ನಕ್ಕ ಕಡೆಯ ಸಂಜೆಗಳಲ್ಲಿ ಅದೂ ಒಂದಿರಬೇಕು. ಆ ನಗು ಹಾಡಿನೊಳಗೆ ಹಾಗೇ ಇದೆ.

ಆಲ್ಬಂನ ಹೆಸರಿನ ಹಾಡಿಗೆ ಈಗ ಬರುತ್ತೇನೆ.

ಸೈಮನ್ ಆ ದಿನಗಳಲ್ಲಿ ಕರಿಯರ ಚರ್ಚಿನ ಗಾಸ್ಪೆಲ್ ಹಾಡುಗಳನ್ನು ಹಗಲೂ ರಾತ್ರಿ ಕೇಳುತ್ತಿದ್ದ. ಸ್ವಾನ್ ಸಿಲ್ವರ್‌ಟೋನ್ಸ್ ತಂಡದ ಕ್ಲಾಡ್ ಜೀಟರ್ ಒಂದು ಹಾಡಿನ ನಡುವೆ ಸೇತುವೆಯ ಮಾತೊಂದನ್ನು ಆಡುತ್ತಾನೆ. ಅದು ಇವನ ಮನಸ್ಸಿನಲ್ಲಿ ಕಚ್ಚಿಕೊಂಡಿತು. ಮುಂದೆ ಜೀಟರ್‌ನನ್ನು ಕಂಡು ಸೈಮನ್ ಹಣ ಕೊಟ್ಟು ಋಣ ಒಪ್ಪಿಕೊಂಡ. ಹಾಡು ಬಹಳ ಬೇಗ ಬಂತು. ಇಷ್ಟು ಒಳ್ಳೆಯದು ನನ್ನ ಕೈಯಿಂದ ಬಂತೇ ಎಂದು ತನಗೇ ಬೆರಗಾಯಿತು ಎಂದು ಸೈಮನ್ ಹೇಳಿದ್ದಾನೆ. ಬರೆದದ್ದು ಗಿಟಾರಿನ ಮೇಲೆ. ಆದರೆ ಇದು ಗಾರ್ಫಂಕಲ್ ಹಾಡಬೇಕಾದ ಹಾಡು, ಪಿಯಾನೊ ಜೊತೆಗೆ ಹಾಡಬೇಕಾದ ಹಾಡು ಎಂದು ಬರೆದವನಿಗೇ ಗೊತ್ತಿತ್ತು. ಗಾರ್ಫಂಕಲ್ ಮೊದಲು ಒಪ್ಪಲಿಲ್ಲ. ನಿನ್ನ ಮೇಲುದನಿಯಲ್ಲೇ ಚೆನ್ನಾಗಿದೆ, ನೀನೇ ಹಾಡು ಅಂದ. ಅದು ದೊಡ್ಡ ಮನಸ್ಸಿನ ಮಾತು. ಸೈಮನ್‌ಗೆ ಮಾತ್ರ, ನನ್ನ ಇಷ್ಟು ಒಳ್ಳೆಯ ಹಾಡನ್ನು ಇವನು ಬೇಡ ಅನ್ನುತ್ತಿದ್ದಾನೆ ಎಂದು ಕೇಳಿಸಿತು. ಕೊಡುವವನು ಪ್ರೀತಿಯಿಂದ ಕೊಟ್ಟ, ಬೇಡವೆಂದವನು ಪ್ರೀತಿಯಿಂದ ಬೇಡವೆಂದ, ಇಬ್ಬರಿಗೂ ನೋವಾಯಿತು. ಹಳೆಯ ಗೆಳೆತನಗಳಲ್ಲಿ ಹೀಗೆಯೇ ಆಗುತ್ತದೆ.

ಪಿಯಾನೊ ನುಡಿಸಿದವನು ಲ್ಯಾರಿ ನೆಕ್ಟೆಲ್. ಗಿಟಾರಿನ ಹಾಡನ್ನು ಬೇರೆ ಶ್ರುತಿಗೆ ಇಳಿಸಿ, ಚರ್ಚಿನ ಪಿಯಾನೊ ಮಾಡಲು ದಿನಗಟ್ಟಲೆ ಹಿಡಿಯಿತು. ಆರಂಭದಲ್ಲಿ ಹಾಡಿಗೆ ಎರಡೇ ಚರಣ. ಗಾರ್ಫಂಕಲ್, ಹ್ಯಾಲಿ ಇಬ್ಬರೂ ಇದಕ್ಕೆ ಇನ್ನೊಂದು ಚರಣ ಬೇಕು, ಅದು ದೊಡ್ಡದಾಗಿ ಏರಬೇಕು ಎಂದು ಪಟ್ಟು ಹಿಡಿದರು. ಸೈಮನ್ ಸ್ಟುಡಿಯೋದಲ್ಲೇ ಕೂತು ಮೂರನೆಯದನ್ನು ಬರೆದ. ಹೆಂಡತಿ ತಲೆಯಲ್ಲಿ ಮೊದಲ ಬೆಳ್ಳಿಗೂದಲು ಕಂಡು ಬೇಸರ ಮಾಡಿಕೊಂಡಿದ್ದಳು. ಆ ಮನೆಮಾತು ಮೂರನೇ ಚರಣದ ಬೆಳ್ಳಿ ಹುಡುಗಿಯಾಗಿ ಕೂತಿತು. ಲೋಕವೆಲ್ಲ ಅದಕ್ಕೆ ಏನೇನೋ ಗೂಢಾರ್ಥ ಹುಡುಕಿತು. ತಂತಿವಾದ್ಯಗಳ ಸ್ವರಲಿಪಿ ತಯಾರಾಗಿ ಬಂದಾಗ ಅದರ ಮೇಲೆ ಹಾಡಿನ ಹೆಸರೇ ತಪ್ಪಾಗಿ, ನೀರಿನ ಹೂಜಿ ಎಂದು ಅರ್ಥ ಬರುವ ಹಾಗೆ ಇತ್ತಂತೆ. ಹಾಡನ್ನು ಟೇಪಿನಲ್ಲಿ ಕೇಳಿ ಬರೆದುಕೊಂಡವನ ಕಿವಿಗೆ ಹಾಗೆ ಕೇಳಿಸಿತ್ತು.

ಈಗ ಈ ಹಾಡನ್ನು ಕಣ್ಣುಮುಚ್ಚಿ ಕೇಳಿ. ಎರಡು ಚರಣ ಬರೀ ಪಿಯಾನೊ, ಬರೀ ಗಾರ್ಫಂಕಲ್. ಮೊದಲ ಚರಣವನ್ನು ಅವನು ಎಷ್ಟು ಮೆಲ್ಲಗೆ ಹಾಡುತ್ತಾನೆಂದರೆ ಉಸಿರು ತೆಗೆದುಕೊಳ್ಳುವ ಸದ್ದು ಸಹ ಕೇಳುತ್ತದೆ. ಅವನನ್ನು ಅತ್ಯಂತ ಸತಾಯಿಸಿದ್ದು ಆ ಮೆಲುದನಿಯ ಚರಣವೇ. ಎತ್ತರದ ಕೊನೆಯ ಚರಣ ಸಲೀಸಾಗಿ ಬಂತಂತೆ. ಕಲಾವಿದರಿಗೆ ಇದು ಅರ್ಥವಾಗುತ್ತದೆ. ವಿಲಂಬಕಾಲ ನಿಲ್ಲಿಸುವುದು ಕಷ್ಟ, ದ್ರುತಕ್ಕೆ ಓಡುವುದು ಸುಲಭ. ಮೂರನೇ ಚರಣದಲ್ಲಿ ಸೈಮನ್‌ನ ದನಿ ಬಂದು ಸೇರುತ್ತದೆ, ಬಾಸ್ ಬರುತ್ತದೆ, ಡ್ರಮ್ಮು, ಪಿಟೀಲುಗಳು ಎಲ್ಲ ಏರುತ್ತವೆ. ಹಾಡು ಬರೆದವನು ತನ್ನ ಹಾಡಿನೊಳಗೆ ಕಾಲಿಡುವುದು ಮೂರನೇ ಚರಣದಲ್ಲಿ! ವೇದಿಕೆಯ ಮೇಲೆ ಗಾರ್ಫಂಕಲ್ ಇದನ್ನು ಹಾಡುವಾಗ ಸೈಮನ್ ಪಕ್ಕದಲ್ಲಿ ಕೂತಿರುತ್ತಿದ್ದ. ಜನ ಎದ್ದು ನಿಂತು ಚಪ್ಪಾಳೆ ತಟ್ಟುವಾಗ 'ಅದು ನನ್ನ ಹಾಡು' ಎಂದು ಒಳಗೊಳಗೇ ಅನ್ನಿಸುತ್ತಿತ್ತು ಎಂದು ಆಮೇಲೆ ತೆರೆದ ಮನಸ್ಸಿನಿಂದ ಹೇಳಿಕೊಂಡ. ಆ ಪ್ರಾಮಾಣಿಕತೆಗಾಗಿ ನನಗೆ ಸೈಮನ್ ಇನ್ನಷ್ಟು ಇಷ್ಟವಾಗುತ್ತಾನೆ.

ಎಲ್ಪಿಯ ಎರಡು ಮಗ್ಗುಲುಗಳು ಹೇಗೆ ಮುಗಿಯುತ್ತವೆ ನೋಡಿ. ಮೊದಲ ಮಗ್ಗುಲಿನ ಕಡೆಯ ಹಾಡು 'ಸೋ ಲಾಂಗ್, ಫ್ರಾಂಕ್ ಲಾಯ್ಡ್ ರೈಟ್'. ಗಾರ್ಫಂಕಲ್ ಒಂದು ಕಾಲಕ್ಕೆ ವಾಸ್ತುಶಿಲ್ಪ ಓದಿದವನು. ರೈಟ್ ಬಗ್ಗೆ ಒಂದು ಹಾಡು ಬರೆದುಕೊಡು ಎಂದು ಅವನೇ ಕೇಳಿದ್ದು. ಸೈಮನ್‌ಗೆ ರೈಟ್ ಬಗ್ಗೆ ಹೆಚ್ಚೇನೂ ಗೊತ್ತಿರಲಿಲ್ಲ. ಗೊತ್ತಿದ್ದ ಒಬ್ಬ ವಾಸ್ತುಶಿಲ್ಪಿಯ ಬಗ್ಗೆ, ರಾತ್ರಿಯೆಲ್ಲ ತನ್ನ ಜೊತೆ ಸ್ವರ ಕೂಡಿಸಿ ಹಾಡಿದವನ ಬಗ್ಗೆ ಬರೆದ. ಗಾರ್ಫಂಕಲ್ ತನ್ನನ್ನೇ ಬೀಳ್ಕೊಡುವ ಆ ಹಾಡನ್ನು ತಾನೇ, ಅದು ತನ್ನದೆಂದು ಆಗ ತಿಳಿಯದೆ, ಎಷ್ಟು ಮುದ್ದಾಗಿ ಹಾಡಿದ್ದಾನೆ. ಹಾಡು ಸಣ್ಣದಾಗಿ ಕರಗುವ ಹೊತ್ತಿಗೆ ಹಿನ್ನೆಲೆಯಲ್ಲಿ ಯಾರೋ ಆರ್ಟಿಗೆ ಕೂಗಿ ಹೋಗಿಬಾ ಅನ್ನುವುದು ಕೇಳುತ್ತದೆ. ದನಿ ಜೋರು ಮಾಡಿ ಕೇಳಬೇಕು. ಎರಡನೇ ಮಗ್ಗುಲಿನ ಕೊನೆಗೆ ಮುಂಚಿನದು 'ಬೈ ಬೈ ಲವ್'. ಬಾಲ್ಯದಲ್ಲಿ ಗುರುಗಳಾಗಿದ್ದ ಎವರ್ಲಿ ಸೋದರರ ಹಾಡು, ಅಯೋವಾದ ಏಮ್ಸ್ ಊರಿನ ಕಛೇರಿಯಲ್ಲಿ ಸಾವಿರಾರು ಜನರ ಚಪ್ಪಾಳೆಯ ತಾಳಕ್ಕೆ ಹಾಡಿದ್ದು. ಕಲಿತ ಕಡೆಗೇ ಮರಳಿ ಬಂದು ಕೈ ಮುಗಿದ ಹಾಗಿದೆ. ಆಮೇಲೆ ಬರುವ 'ಸಾಂಗ್ ಫಾರ್ ದಿ ಆಸ್ಕಿಂಗ್' ಎರಡು ನಿಮಿಷವೂ ಇಲ್ಲ; ಸೈಮನ್ ಒಬ್ಬನೇ ಹಾಡುತ್ತಾನೆ. ಹನ್ನೆರಡನೇ ಹಾಡು ಯಾವುದಾಗಬೇಕು ಎಂದು ಜಗಳ ಬಿತ್ತು. ಸೈಮನ್‌ಗೆ ರಾಜಕೀಯದ ಹಾಡೊಂದು ಬೇಕಿತ್ತು, ಗಾರ್ಫಂಕಲ್‌ಗೆ ಬಾಖ್‌ನ ಒಂದು ಸಮೂಹಗೀತೆ. ಯಾರೂ ಬಗ್ಗಲಿಲ್ಲ. ಹನ್ನೊಂದಕ್ಕೇ ಆಲ್ಬಂ ಮುಗಿಯಿತು.

ಇದೇ ಆಲ್ಬಂನ 'ಎಲ್ ಕೊಂಡೋರ್ ಪಾಸಾ'ದ ಮಾತು ಇಲ್ಲಿ ಸಣ್ಣದಾಗಿ ಹೇಳಿಬಿಡಬೇಕು. ಪ್ಯಾರಿಸ್ಸಿನಲ್ಲಿ ಲೋಸ್ ಇಂಕಾಸ್ ತಂಡ ನುಡಿಸಿದ್ದನ್ನು ಕೇಳಿ, ಅದು ಜಾನಪದ ಧಾಟಿ ಎಂದು ನಂಬಿ, ಸೈಮನ್ ಅವರ ಧ್ವನಿಮುದ್ರಣದ ಮೇಲೆಯೇ ಮಾತು ಕೂಡಿಸಿದ. ನಿಜಕ್ಕೆ ಅದು ಪೆರುವಿನ ಡೇನಿಯಲ್ ಅಲೊಮಿಯಾ ರೊಬ್ಲೆಸ್ 1913ರಲ್ಲಿ ರಂಗನಾಟಕಕ್ಕೆ ರಚಿಸಿದ್ದು. ಅವರ ಮಗ ಕೋರ್ಟಿಗೆ ಹೋದರು, ಸೌಹಾರ್ದದಿಂದ ಇತ್ಯರ್ಥವಾಯಿತು. ಜನಪದ ಎಂದು ನಾವು ಕೈಬೀಸಿ ಹೇಳುವ ಎಷ್ಟೋ ಹಾಡುಗಳ ಹಿಂದೆ ಒಬ್ಬ ಮನುಷ್ಯ ಇರುತ್ತಾನೆ.

ಇನ್ನು ಆ ಚಿತ್ರ. ಹೆಸರು 'ಸಾಂಗ್ಸ್ ಆಫ್ ಅಮೆರಿಕ', ನಿರ್ದೇಶಕ ಚಾರ್ಲ್ಸ್ ಗ್ರೋಡಿನ್. 'ಕ್ಯಾಚ್-22'ರಲ್ಲಿ ಗಾರ್ಫಂಕಲ್ ಜೊತೆ ನಟಿಸಿದವನೇ ಈತ. ಸ್ನೇಹವನ್ನು ಹಿಂಜಿದ ಸಿನಿಮಾವೇ ಇವನನ್ನೂ ತಂದುಕೊಟ್ಟಿತು. ಒಂದು ಗಂಟೆಯ ಟಿವಿ ಕಾರ್ಯಕ್ರಮಕ್ಕೆ ದೂರವಾಣಿ ಕಂಪನಿ ಎಟಿ ಅಂಡ್ ಟಿ ದುಡ್ಡು ಹಾಕಿತ್ತು. ಇಬ್ಬರು ಮುದ್ದಾದ ಹುಡುಗರು ಕೂತು ಇಂಪಾಗಿ ಹಾಡುತ್ತಾರೆ ಎಂದು ಅವರು ಅಂದುಕೊಂಡಿದ್ದರು. ಬಂದದ್ದು ವಿಯೆಟ್ನಾಂ ಯುದ್ಧ, ಬಡವರ ಮೆರವಣಿಗೆ, ಸೀಸರ್ ಚಾವೇಸ್‌ನ ದ್ರಾಕ್ಷಿ ತೋಟದ ಕೂಲಿಗಳು. 'ಬ್ರಿಡ್ಜ್' ಹಾಡಿಗೆ ಜಾನ್ ಕೆನಡಿ, ಮಾರ್ಟಿನ್ ಲೂಥರ್ ಕಿಂಗ್, ರಾಬರ್ಟ್ ಕೆನಡಿಯರ ದೃಶ್ಯಗಳು. ನೋಡಿದ ಪ್ರಾಯೋಜಕರು ಇವರೆಲ್ಲ ಡೆಮಾಕ್ರಟಿಕ್ ಪಕ್ಷದವರೇ ಆದರಲ್ಲ ಎಂದು ತಕರಾರು ತೆಗೆದರಂತೆ. ಇವರೆಲ್ಲ ಕೊಲೆಯಾದವರು ಎಂದಷ್ಟೇ ನಮ್ಮ ಕಣ್ಣಿಗೆ ಕಂಡಿದ್ದು ಎಂಬುದು ಈ ಜೋಡಿಯ ಉತ್ತರ. ಕಂಪನಿ ಕೈ ತೊಳೆದುಕೊಂಡಿತು; ತಲೆಗೂದಲಿನ ಸಾಮಾನು ಮಾರುವ ಆಲ್ಬರ್ಟೊ-ಕಲ್ವರ್ ಕೊಂಡುಕೊಂಡಿತು. 1969ರ ನವೆಂಬರ್ 30ರಂದು ಸಿಬಿಎಸ್‌ನಲ್ಲಿ ಪ್ರಸಾರವಾಯಿತು. ಅಮೆರಿಕದ ಮನೆಮನೆಗಳಲ್ಲಿ 'ಬ್ರಿಡ್ಜ್' ಮೊದಲ ಸಲ ಕೇಳಿದ್ದು ಆ ರಾತ್ರಿಯೇ, ಆಲ್ಬಂ ಬರುವುದಕ್ಕೆ ಎರಡು ತಿಂಗಳು ಮುಂಚೆ.

ಆ ದೃಶ್ಯದ ಒಂದು ತುಣುಕು ನನಗೆ ಬಿಡದೆ ನೆನಪಾಗುತ್ತದೆ. 1968ರ ಜೂನ್‌ನಲ್ಲಿ ರಾಬರ್ಟ್ ಕೆನಡಿಯ ಶವ ಹೊತ್ತ ರೈಲು ನ್ಯೂಯಾರ್ಕಿನಿಂದ ವಾಷಿಂಗ್ಟನ್‌ಗೆ ಸಾಗುತ್ತಿದೆ. ಹಳಿಯ ಇಕ್ಕೆಲದಲ್ಲಿ ಜನ ಸಾಲುಗಟ್ಟಿ ನಿಂತಿದ್ದಾರೆ. ಕರಿಯರು, ಬಿಳಿಯರು, ಮಕ್ಕಳನ್ನು ಎತ್ತಿಕೊಂಡ ಹೆಂಗಸರು, ಎದೆಯ ಮೇಲೆ ಕೈಯಿಟ್ಟ ಗಂಡಸರು, ಸೆಲ್ಯೂಟ್ ಹೊಡೆದು ನಿಂತ ಹುಡುಗರು. ಹಾಡು ಏರುತ್ತಾ ಹೋಗುತ್ತದೆ, ರೈಲು ಓಡುತ್ತಾ ಹೋಗುತ್ತದೆ, ಮುಖಗಳು ಹಿಂದೆ ಸರಿಯುತ್ತವೆ. ಎರಡು ಜನರ ನಡುವಿನ ಸಮಾಧಾನದ ಹಾಡು ಎಂದು ನಾನು ತಿಳಿದಿದ್ದದ್ದು ಒಂದು ಇಡೀ ದೇಶಕ್ಕೆ ಹೇಳಿದ ಸಮಾಧಾನವಾಗಿ ಮಾರ್ಪಡುತ್ತದೆ. ಈ ದೃಶ್ಯದ ಬೆನ್ನಿಗೆ ಬಂದ ಜಾಹೀರಾತು ವಿರಾಮದಲ್ಲಿ ಹತ್ತು ಲಕ್ಷ ಜನ ಚಾನೆಲ್ ಬದಲಿಸಿ ಬೇರೆಡೆ ಐಸ್ ಸ್ಕೇಟಿಂಗ್ ನೋಡಲು ಹೋದರು ಎಂಬ ಮಾತಿದೆ. ಆಗ ಮನೆಯಲ್ಲಿ ವಿಡಿಯೊ ರೆಕಾರ್ಡರು ಇರಲಿಲ್ಲ. ನೋಡದೆ ಬಿಟ್ಟವರಿಗೆ ಅದು ಹೋಯಿತು ಅಂದರೆ ಹೋಯಿತು. ಕ್ಯಾಸೆಟ್ಟಿನ ಯುಗ ಬಂತು, ಕಳೆಯಿತು. ಈ ಚಿತ್ರ ಅಧಿಕೃತವಾಗಿ ಯಾರ ಕೈಗೂ ಸಿಗಲಿಲ್ಲ.

ಡಿವಿಡಿಯ ಭಾಗ್ಯ ಎಂದರೆ ನಿಲ್ಲಿಸಿ ನೋಡಬಹುದು. ಕಾರಿನಲ್ಲಿ, ತಾಲೀಮಿನಲ್ಲಿ, ವೇದಿಕೆಯ ಹಿಂದೆ ಇಬ್ಬರೂ ಮಾತಾಡಿಕೊಳ್ಳುವ ತುಣುಕುಗಳನ್ನು ನಾನು ನಿಲ್ಲಿಸಿ ನಿಲ್ಲಿಸಿ ನೋಡಿದೆ. ಬೇರೆಯಾಗಲು ಹೊರಟವರ ಮುಖ ಹೇಗಿರುತ್ತದೆ ಎಂದು ಹುಡುಕುತ್ತಿದ್ದೆ. ಸಿಕ್ಕಿದ್ದು ಬೇರೆಯೇ. ಹಾಡು ಶುರುವಾಗುವ ಕ್ಷಣಕ್ಕೆ ಇಬ್ಬರ ಕಣ್ಣೂ ತಾವಾಗಿಯೇ ಇನ್ನೊಬ್ಬನ ತುಟಿಯ ಮೇಲೆ ಹೋಗಿ ನಿಲ್ಲುತ್ತವೆ. ಹದಿಮೂರರಲ್ಲಿ ಕಲಿತ ಅಭ್ಯಾಸ ಇಪ್ಪತ್ತೆಂಟರಲ್ಲೂ ಬಿಟ್ಟಿಲ್ಲ. ಮಾತಿನಲ್ಲಿ ದೂರ ಇರಬಹುದು, ಸ್ವರದಲ್ಲಿ ಒಂದು ಎಳೆಯಷ್ಟೂ ದೂರ ಇಲ್ಲ. ಅದೇ ಡಿವಿಡಿಯಲ್ಲಿ ಜೆನಿಫರ್ ಲಬೋ ಮಾಡಿದ 'ದಿ ಹಾರ್ಮನಿ ಗೇಮ್' ಎಂಬ ಸಾಕ್ಷ್ಯಚಿತ್ರವೂ ಇದೆ. ಅದರಲ್ಲಿ ಇವರು ವಯಸ್ಸಾದವರು, ಬೇರೆ ಬೇರೆ ಕೂತು ನೆನಪು ಹೇಳುತ್ತಾರೆ. ಒಬ್ಬನು ಇನ್ನೊಬ್ಬನ ಕೆಲಸದ ಬಗ್ಗೆ ಮಾತಾಡುವಾಗ ಮಾತ್ರ ಇಬ್ಬರ ದನಿಯಲ್ಲೂ ಹಳೆಯ ಬೆರಗು ಮರಳಿ ಬರುತ್ತದೆ. ಮೊದಲು ಚಿತ್ರ, ಆಮೇಲೆ ಸಾಕ್ಷ್ಯಚಿತ್ರ ನೋಡಿದರೆ ನಲವತ್ತು ವರ್ಷ ಒಂದು ರಾತ್ರಿಯಲ್ಲಿ ದಾಟಿದ ಹಾಗಾಗುತ್ತದೆ.

ಆಲ್ಬಂ ಅಮೆರಿಕದಲ್ಲಿ ಹತ್ತು ವಾರ ಒಂದನೇ ಸ್ಥಾನದಲ್ಲಿತ್ತು, ಹಾಡು ಆರು ವಾರ. 1970ರ ಜುಲೈ 18ರಂದು ಫಾರೆಸ್ಟ್ ಹಿಲ್ಸ್ ಕ್ರೀಡಾಂಗಣದಲ್ಲಿ, ತಾವು ಓದಿದ ಹೈಸ್ಕೂಲಿನ ಊರಲ್ಲೇ, ಹಾಡಿದರು. ಮುಗಿದ ಮೇಲೆ ಕಾರು ನಿಲ್ಲಿಸಿದ ಜಾಗದಲ್ಲಿ ಕೈ ಕುಲುಕಿ ಎರಡು ದಿಕ್ಕಿಗೆ ಹೋದರು ಎನ್ನುತ್ತಾರೆ. 1971ರ ಮಾರ್ಚ್‌ನಲ್ಲಿ ಆರು ಗ್ರ್ಯಾಮಿಗಳು ಬರುವ ಹೊತ್ತಿಗೆ ಜೋಡಿ ಇರಲಿಲ್ಲ. ಆಮೇಲೆ ಆಗಾಗ ಕೂಡಿದರು. 1981ರ ಸೆಪ್ಟೆಂಬರ್ 19ರಂದು ಸೆಂಟ್ರಲ್ ಪಾರ್ಕಿನಲ್ಲಿ ಐದು ಲಕ್ಷ ಜನರ ಎದುರು ಹಾಡಿದ್ದರ ವಿಡಿಯೊವನ್ನು ನಮ್ಮಲ್ಲೂ ಅನೇಕರು ನೋಡಿದ್ದಾರೆ. ಅದು ಸಂತೋಷದ ಚಿತ್ರ, ಹಬ್ಬದ ಚಿತ್ರ. ಆದರೂ ಎರಡರಲ್ಲಿ ಒಂದನ್ನು ಆರಿಸು ಅಂದರೆ ನಾನು ಆ ತಡವಾಗಿ ಬಂದ ಹಳೆಯ ಚಿತ್ರವನ್ನೇ ಆರಿಸುತ್ತೇನೆ. ಹಬ್ಬದಲ್ಲಿ ಅವರು ಹಳೆಯ ಹಾಡನ್ನು ನೆನೆಯುತ್ತಾರೆ. ಇದರಲ್ಲಿ ಆ ಹಾಡು ಇನ್ನೂ ಹಸಿಯಾಗಿದೆ, ಇಬ್ಬರಿಗೂ ಅದು ಮುಂದೇನಾಗುತ್ತದೋ ಗೊತ್ತಿಲ್ಲ. 2010ರ ಆಸುಪಾಸಿನಲ್ಲಿ ಗಾರ್ಫಂಕಲ್‌ನ ಗಂಟಲಿಗೆ ತೊಂದರೆ ಬಂತು. ಮುಂದೆ ಸೈಮನ್‌ನ ಒಂದು ಕಿವಿ ಬಹುಮಟ್ಟಿಗೆ ಕೇಳದಾಯಿತು. 2024ರಲ್ಲಿ ಇಬ್ಬರೂ ಊಟಕ್ಕೆ ಕೂತು, ಹಳೆಯದನ್ನೆಲ್ಲ ಮಾತಾಡಿ, ಅತ್ತು, ತಬ್ಬಿಕೊಂಡರು ಎಂದು ಗಾರ್ಫಂಕಲ್ ಹೇಳಿದ್ದಾನೆ.

ಇಷ್ಟು ಓದಿದವರಲ್ಲಿ ನನ್ನದೊಂದು ಕೋರಿಕೆ. ಈ ಆಲ್ಬಂನಿಂದ ಒಂದೆರಡು ಹಾಡು ಹೆಕ್ಕಿ ಕೇಳಬೇಡಿ. ಒಂದು ರಾತ್ರಿ ಬಿಡುವು ಮಾಡಿಕೊಂಡು ಮೊದಲು 'ಸಾಂಗ್ಸ್ ಆಫ್ ಅಮೆರಿಕ' ನೋಡಿ. ಆಮೇಲೆ ಹನ್ನೊಂದು ಹಾಡನ್ನೂ ಅವರು ಇಟ್ಟ ಕ್ರಮದಲ್ಲೇ, ನಡುವೆ ಏಳದೆ ಕೇಳಿ. ಎಲ್ಲ ಸೇರಿ ಮೂವತ್ತೇಳು ನಿಮಿಷ ಅಷ್ಟೇ.